ಹೆಣದ ಮುಂದಿನ ನಗೆ ಆಮದು ಸರಕೇ?

ಭಾರತೀಯ ಚಿತ್ರಗಳಲ್ಲಿ ಸಾವಿನ ಸುತ್ತ ನಗೆ ಕಂಡೊಡನೆ ಅದನ್ನು ಪಾಶ್ಚಾತ್ಯರ ಎರವಲೆಂದು ತಳ್ಳಿಹಾಕುವ ವಿಮರ್ಶೆಯೊಂದು ನಮ್ಮಲ್ಲಿ ಇನ್ನೂ ಚಲಾವಣೆಯಲ್ಲಿದೆ. ಹಾಸ್ಯಕ್ಕೂ ಕರುಣಕ್ಕೂ ವಿರೋಧವನ್ನು ಹೇಳಿದ ಆಲಂಕಾರಿಕರನ್ನು ಅದು ಸಾಕ್ಷಿಗೆ ಕರೆಯುತ್ತದೆ. ಆದರೆ ಎರವಲಾಗಿ ಬಂದದ್ದು ಹೆಸರು ಮಾತ್ರ. ಫ್ರೆಂಚ್ ಲೇಖಕ ಆಂದ್ರೆ ಬ್ರೆತಾನ್ 1940ರಲ್ಲಿ ತನ್ನ ಸಂಕಲನಕ್ಕೆ ಕಪ್ಪು ಹಾಸ್ಯವೆಂಬ ಹೆಸರಿಟ್ಟನು, ನಿಜ. ಅದಕ್ಕೂ ಸುಮಾರು 1300 ವರ್ಷ ಮೊದಲೇ ಪಲ್ಲವ ದೊರೆ ಮಹೇಂದ್ರವರ್ಮನು ‘ಮತ್ತವಿಲಾಸ’ ಪ್ರಹಸನದಲ್ಲಿ, ತಲೆಬುರುಡೆಯ ಭಿಕ್ಷಾಪಾತ್ರೆಯನ್ನು ಕಳೆದುಕೊಂಡ ಕುಡುಕ ಕಾಪಾಲಿಕನನ್ನು ಕಂಚಿಯ ಬೀದಿಗಳಲ್ಲಿ ಅಲೆಸಿದ್ದನು. ಬುರುಡೆಯನ್ನು ಕಚ್ಚಿಕೊಂಡು ಹೋದದ್ದು ನಾಯಿ. ಕಳ್ಳತನದ ಆರೋಪ ಬಂದದ್ದು ಬೌದ್ಧ ಭಿಕ್ಷುವಿನ ಮೇಲೆ. ‘ಭಗವದಜ್ಜುಕ’ದಲ್ಲಂತೂ ಯಮದೂತನೇ ಆಳು ತಪ್ಪಿ ಗಣಿಕೆಯೊಬ್ಬಳ ಪ್ರಾಣವನ್ನು ಒಯ್ಯುತ್ತಾನೆ, ಅವಳ ಶವವನ್ನು ಹೊಕ್ಕ ಸನ್ಯಾಸಿ ಎದ್ದು ಕುಳಿತು ಉಪದೇಶಕ್ಕೆ ತೊಡಗುತ್ತಾನೆ. ರಸವಿರೋಧವನ್ನು ಕಂಠಪಾಠ ಮಾಡಿದವರಿಗೆ ಈ ಪ್ರಹಸನಗಳು ಕಣ್ಣಿಗೆ ಬೀಳದಿರುವುದು ವಿಚಿತ್ರ.

ರಾಮ್ ರೆಡ್ಡಿಯವರ ‘ತಿಥಿ’ (2015) ಹಳ್ಳಿಗರ ಕರ್ಮಾಚರಣೆಯನ್ನು ಪಟ್ಟಣಿಗರ ನಗೆಗೆ ಒಡ್ಡಿದೆ ಎಂಬುದು ಇದೇ ವಿಮರ್ಶೆಯ ಇನ್ನೊಂದು ಕವಲು. ನಗೆ ಎಲ್ಲಿ ಬೀಳುತ್ತದೆ ಎಂಬುದನ್ನಾದರೂ ನೋಡಬೇಡವೇ? 101ರ ಸೆಂಚುರಿ ಗೌಡ ಸತ್ತ ಮೇಲೆ ಜಮೀನು ಹಿರಿಯ ಮಗ ಗಡ್ಡಪ್ಪನಿಗೆ ಸಲ್ಲಬೇಕು. ಅವನಿಗೋ ಅಲೆದಾಟ ಮತ್ತು ಕುಡಿತದ ಹೊರತು ಏನೂ ಬೇಡ. ಮೊಮ್ಮಗ ತಮ್ಮಣ್ಣ ಬದುಕಿರುವ ತಂದೆಯನ್ನೇ ಊರು ಬಿಡಿಸಿ, ಅವನು ಸತ್ತನೆಂದು ಕಾಗದ ಮಾಡಿಸುತ್ತಾನೆ. ಹಾಸ್ಯದ ಏಟು ಹನ್ನೊಂದನೆಯ ದಿನದ ಎಡೆಗೆ ತಗಲುವುದಿಲ್ಲ. ಉಸಿರಾಡುವ ಮನುಷ್ಯನಿಗಿಂತ ದಾಖಲೆಯನ್ನೇ ನಂಬುವ ವ್ಯವಸ್ಥೆಗೆ ತಗಲುತ್ತದೆ. ಪಾತ್ರ ವಹಿಸಿದವರೂ ಮಂಡ್ಯ ಸೀಮೆಯ ಹಳ್ಳಿಗರೇ. ತಮ್ಮ ಬದುಕಿನ ವಕ್ರತೆ ಅವರಿಗೆ ವಿಮರ್ಶಕರಿಗಿಂತ ಚೆನ್ನಾಗಿ ಗೊತ್ತು. ಇಷ್ಟು ಹೊತ್ತು ನಗಿಸಿದ ಆ ಗಡ್ಡಪ್ಪನೇ ಕುರಿಗಾಹಿಗಳ ಬಿಡಾರದಲ್ಲಿ ತನ್ನ ಹಳೆಯ ನೋವನ್ನು ಹೇಳತೊಡಗಿದಾಗ ನಗೆ ತಾನಾಗಿ ನಿಲ್ಲುತ್ತದೆ. ವಿರೋಧಿಗಳೆನ್ನಿಸಿಕೊಂಡ ಎರಡು ರಸಗಳು ಒಂದೇ ಮುಖದಲ್ಲಿವೆ!

ಇತ್ತ, ನಾಲ್ಕು ಕೊಲೆಗಳ ನಡುವೆ ಎರಡು ಚಟಾಕಿ ಸೇರಿಸಿದ ಚಿತ್ರಕ್ಕೆಲ್ಲ ಇದೇ ಹೆಸರನ್ನು ಅಂಟಿಸುವ ಪ್ರಚಾರವೂ ನಡೆದಿದೆ. ಅಲ್ಲಿ ಹೆಣ ಬರಿಯ ಸಾಮಾನು. ಕುಂದನ್ ಶಾ ಅವರ ‘ಜಾನೇ ಭೀ ದೋ ಯಾರೋ’ (1983) ಚಿತ್ರದಲ್ಲಿ ನಗರಾಧಿಕಾರಿಯ ಶವ ಮಹಾಭಾರತ ನಾಟಕದ ದ್ರೌಪದಿಯಾಗಿ ರಂಗಕ್ಕೆ ಬರುತ್ತದೆ. ಅದನ್ನು ಎಳೆದಾಡುವ ಪ್ರತಿಯೊಬ್ಬನಿಗೂ ಅದರಿಂದ ಲಾಭವೋ ಭಯವೋ ಇದೆ. ಕೊನೆಯಲ್ಲಿ ಬಿಲ್ಡರು, ಅಧಿಕಾರಿ, ಸಂಪಾದಕಿ ಎಲ್ಲರೂ ರಾಜಿಯಾಗುತ್ತಾರೆ. ಕೈದಿಗಳ ಉಡುಪಿನಲ್ಲಿ ಮುಂಬಯಿಯ ರಸ್ತೆಗೆ ಬರುವವರು, ಕೊಲೆಗೆ ಪುರಾವೆ ಹಿಡಿದಿದ್ದ ಇಬ್ಬರು ಛಾಯಾಗ್ರಾಹಕರು.