ಬೆಳಗಿನ ಜಾವದ ಕನಸು

ಕನಸು ಕಾಣದ ಮನುಷ್ಯನಿಲ್ಲ. ಕಂಡ ಕನಸಿಗೆ ಅರ್ಥವನ್ನು ಹುಡುಕದ ಸಮಾಜವೂ ಇಲ್ಲ. ಕೊಳ್ಳೇಗಾಲ, ಹನೂರು, ಯಳಂದೂರು ಸೀಮೆಯ ಹಳ್ಳಿಗಳಲ್ಲಿಯೂ ಕನಸಿನ ಫಲವನ್ನು ಹೇಳಬಲ್ಲ ಹಿರಿಯರಿಗೆ ಕೊರತೆಯಿಲ್ಲ. ಹಲ್ಲು ಉದುರಿದಂತೆ ಕಂಡರೆ ಬಂಧುಗಳಿಗೆ ಕೇಡು. ತಾನೇ ಸತ್ತಂತೆ ಕಂಡರೆ ಆಯುಸ್ಸು ಹೆಚ್ಚು. ಎಲ್ಲಕ್ಕಿಂತ ಮಿಗಿಲಾಗಿ, ಬೆಳಗಿನ ಜಾವದಲ್ಲಿ ಬಿದ್ದ ಕನಸು ನಿಜವಾಗಿಯೇ ತೀರುತ್ತದೆ ಎಂಬ ಮಾತುಗಳನ್ನು ನಾವೆಲ್ಲರೂ ಕೇಳಿದ್ದೇವೆ. ಇವನ್ನು ಅಜ್ಞಾನವೆಂದು ನಕ್ಕು ತಳ್ಳಿಬಿಡುವುದು ಸುಲಭ; ತಲೆಬಾಗಿ ಒಪ್ಪಿಬಿಡುವುದೂ ಅಷ್ಟೇ ಸುಲಭ. ಎರಡಕ್ಕೂ ಆಲೋಚನೆಯ ಶ್ರಮ ಬೇಕಾಗಿಲ್ಲ. ಆದರೆ ಕನಸೆಂದರೇನು, ಅದು ಎಲ್ಲಿಂದ ಬರುತ್ತದೆ, ಅದಕ್ಕೆ ಎಷ್ಟರ ಮಟ್ಟಿಗೆ ಕಿವಿಗೊಡಬೇಕು ಎಂಬ ಪ್ರಶ್ನೆಗಳು ವಿಚಾರವಂತರಾದವರು ಕೇಳಿಕೊಳ್ಳಬೇಕಾದ ಪ್ರಶ್ನೆಗಳು. ಏಕೆಂದರೆ ಕನಸನ್ನು ನಂಬಿ ಜನರು ಮಾಡುವ ಕೆಲಸಗಳು ಎಚ್ಚರದ ಬದುಕಿನಲ್ಲಿಯೇ ನಡೆಯುತ್ತವೆ.

ನಮ್ಮ ಪ್ರಾಚೀನರು ಕನಸುಗಳನ್ನೆಲ್ಲ ಒಂದೇ ತಕ್ಕಡಿಯಲ್ಲಿ ತೂಗಲಿಲ್ಲ. ಮಾಂಡೂಕ್ಯೋಪನಿಷತ್ತು ಎಚ್ಚರ, ಕನಸು, ಗಾಢನಿದ್ರೆ ಎಂಬ ಅವಸ್ಥೆಗಳನ್ನು ಬೇರೆಬೇರೆಯಾಗಿ ಗುರುತಿಸಿ ವಿಚಾರ ಮಾಡಿದೆ. ಆಯುರ್ವೇದದ ಚರಕಸಂಹಿತೆಯು ಕನಸುಗಳನ್ನು ಏಳು ಬಗೆಯಾಗಿ ವಿಂಗಡಿಸುತ್ತದೆ: ಕಂಡದ್ದರಿಂದ ಹುಟ್ಟಿದುವು, ಕೇಳಿದ್ದರಿಂದ ಹುಟ್ಟಿದುವು, ಅನುಭವಿಸಿದ್ದರಿಂದ ಹುಟ್ಟಿದುವು, ಬಯಸಿದ್ದರಿಂದ ಹುಟ್ಟಿದುವು, ಕಲ್ಪಿಸಿಕೊಂಡದ್ದರಿಂದ ಹುಟ್ಟಿದುವು, ಮುಂದಾಗುವುದನ್ನು ಸೂಚಿಸುವುವು ಮತ್ತು ದೇಹದೋಷದಿಂದ ಉಂಟಾಗುವುವು. ಇವುಗಳಲ್ಲಿ ಮೊದಲ ಐದು ಬಗೆಯ ಕನಸುಗಳಿಗೆ ಯಾವ ಫಲವೂ ಇಲ್ಲವೆಂದು ವೈದ್ಯನು ತಿಳಿಯಬೇಕೆಂಬುದು ಆ ಗ್ರಂಥದ ಅಭಿಪ್ರಾಯ. ಭವಿಷ್ಯವನ್ನು ಸೂಚಿಸುವ ಕನಸನ್ನು ಇಂದಿನ ವಿಜ್ಞಾನವು ಒಪ್ಪುವುದಿಲ್ಲ, ನಿಜ. ಆದರೆ ಕನಸುಗಳಲ್ಲಿ ಬಹುಪಾಲು ನಮ್ಮ ನೋಟ, ಕೇಳ್ಮೆ, ಬಯಕೆಗಳಿಂದಲೇ ಹುಟ್ಟುತ್ತವೆ ಎಂಬುದನ್ನು ಅಷ್ಟು ಹಿಂದೆಯೇ ಕಂಡುಕೊಂಡ ವಿವೇಕವನ್ನು ಮೆಚ್ಚದಿರಲಾಗದು.

ಕನಸನ್ನು ಪ್ರಯೋಗಶಾಲೆಗೆ ತಂದ ಕೀರ್ತಿ ಇಪ್ಪತ್ತನೆಯ ಶತಮಾನದ್ದು. 1953ರಲ್ಲಿ ಅಮೆರಿಕದ ಷಿಕಾಗೊ ವಿಶ್ವವಿದ್ಯಾನಿಲಯದ ಯೂಜೀನ್ ಅಸೆರಿನ್‌ಸ್ಕಿ ಮತ್ತು ನಥಾನಿಯಲ್ ಕ್ಲೈಟ್‌ಮನ್ ಎಂಬ ವಿಜ್ಞಾನಿಗಳು ಒಂದು ಸೋಜಿಗವನ್ನು ಪ್ರಕಟಿಸಿದರು. ಮಲಗಿದವರ ಕಣ್ಣುಗುಡ್ಡೆಗಳು ರಾತ್ರಿಯ ಕೆಲವು ಹೊತ್ತುಗಳಲ್ಲಿ ಮುಚ್ಚಿದ ರೆಪ್ಪೆಗಳೊಳಗೆ ವೇಗವಾಗಿ ಅತ್ತಿತ್ತ ಚಲಿಸುತ್ತಿದ್ದವು; ಆಗ ಎಬ್ಬಿಸಿ ಕೇಳಿದರೆ ಬಹುಮಂದಿ ತಾವು ಕನಸು ಕಾಣುತ್ತಿದ್ದೆವೆಂದು ಹೇಳುತ್ತಿದ್ದರು. ಇದನ್ನು ಕಣ್ಣಾಡುವ ನಿದ್ರೆ ಎಂದು ಕರೆಯೋಣ. ನಿದ್ರೆಯು ಸುಮಾರು ತೊಂಬತ್ತು ನಿಮಿಷಗಳ ಸುತ್ತುಗಳಲ್ಲಿ ಸಾಗುತ್ತದೆ. ಒಂದು ರಾತ್ರಿಗೆ ಇಂಥ ನಾಲ್ಕೈದು ಸುತ್ತುಗಳು. ಪ್ರತಿ ಸುತ್ತಿನ ಕೊನೆಗೆ ಕಣ್ಣಾಡುವ ನಿದ್ರೆ ಬರುತ್ತದೆ. ಉಳಿದ ಹೊತ್ತಿನಲ್ಲಿಯೂ ಕನಸುಗಳು ಬೀಳುವುದುಂಟು; ಆದರೆ ಬಣ್ಣ, ಭಾವ, ಕಥೆ ತುಂಬಿದ ಕನಸುಗಳು ಹೆಚ್ಚಾಗಿ ಈ ಹಂತದವು.

ಇಲ್ಲಿಯೇ ನಮ್ಮ ಹಳ್ಳಿಗಳ ನಂಬಿಕೆಯೊಂದಕ್ಕೆ ಉತ್ತರ ಸಿಕ್ಕುತ್ತದೆ. ರಾತ್ರಿಯ ಮೊದಲ ಸುತ್ತಿನಲ್ಲಿ ಕಣ್ಣಾಡುವ ನಿದ್ರೆ ಕೆಲವೇ ನಿಮಿಷಗಳದು. ಸುತ್ತುಗಳು ಕಳೆದಂತೆ ಅದು ಬೆಳೆಯುತ್ತ, ಬೆಳಗಿನ ಜಾವದ ಹೊತ್ತಿಗೆ ಅತ್ಯಂತ ದೀರ್ಘವಾಗುತ್ತದೆ. ಆದ್ದರಿಂದ ಬೆಳಗಿನ ಜಾವದ ಕನಸುಗಳು ಉದ್ದವಾಗಿರುತ್ತವೆ, ಉಜ್ಜ್ವಲವಾಗಿರುತ್ತವೆ. ಅವುಗಳ ನಡುವೆಯೇ ನಮಗೆ ಎಚ್ಚರವಾಗುವುದರಿಂದ ನೆನಪಿನಲ್ಲಿಯೂ ನಿಲ್ಲುತ್ತವೆ. ನಡುರಾತ್ರಿಯ ಕನಸುಗಳನ್ನು ಮರೆತುಬಿಡುವ ನಾವು ಬೆಳಗಿನ ಜಾವದ ಕನಸನ್ನು ಮಾತ್ರ ದಿನದ ಆಗುಹೋಗುಗಳೊಡನೆ ಹೋಲಿಸಿ ನೋಡುತ್ತೇವೆ. ಬೆಳಗಿನ ಜಾವಕ್ಕೆ ಏನೋ ವಿಶೇಷವಿದೆ ಎಂಬ ಹಿರಿಯರ ಅವಲೋಕನ ಸರಿಯಾಗಿಯೇ ಇತ್ತು. ಅದರಿಂದ ತೆಗೆದ ತೀರ್ಮಾನ ಮಾತ್ರ ತಪ್ಪು.

ಇನ್ನೊಂದು ಭಯಕ್ಕೂ ಇಲ್ಲಿ ವಿವರಣೆಯಿದೆ. ಕಣ್ಣಾಡುವ ನಿದ್ರೆಯಲ್ಲಿ ಮೆದುಳಿನ ಕಾಂಡವು ಕೈಕಾಲುಗಳ ಸ್ನಾಯುಗಳನ್ನು ಸಡಿಲಗೊಳಿಸಿ ನಿಶ್ಚಲವಾಗಿಡುತ್ತದೆ. ಇಲ್ಲದಿದ್ದರೆ ಕನಸಿನಲ್ಲಿ ಓಡುವವನು ಹಾಸಿಗೆಯಿಂದೆದ್ದು ಓಡುತ್ತಿದ್ದನು. ಕೆಲವೊಮ್ಮೆ ಮನಸ್ಸು ಎಚ್ಚೆತ್ತರೂ ಸ್ನಾಯುಗಳ ಕಟ್ಟು ಬಿಚ್ಚಿರುವುದಿಲ್ಲ. ಆಗ ಕೂಗಲಾಗದು, ಕದಲಲಾಗದು; ಎದೆಯ ಮೇಲೆ ಯಾರೋ ಕುಳಿತು ಒತ್ತಿದಂತೆ ಭಾಸವಾಗುತ್ತದೆ. ದೆವ್ವ ಅಮುಕಿತೆಂದು ಜನರು ಹೇಳುವುದು ಬಹುಮಟ್ಟಿಗೆ ಈ ಅವಸ್ಥೆಯನ್ನೇ. ಅದು ಕೆಲವು ಕ್ಷಣಗಳಲ್ಲಿ, ಹೆಚ್ಚೆಂದರೆ ಕೆಲವು ನಿಮಿಷಗಳಲ್ಲಿ ತಾನಾಗಿಯೇ ಕಳೆಯುತ್ತದೆ. ಅದಕ್ಕೆ ಬೇಕಾದುದು ತಾಯಿತವಲ್ಲ, ಹೊತ್ತಿಗೆ ಸರಿಯಾದ ನಿದ್ರೆ.

ಕನಸಿನ ಅರ್ಥದ ವಿಷಯದಲ್ಲಿ ವಿದ್ವಾಂಸರಲ್ಲಿ ಒಮ್ಮತವಿಲ್ಲ. ವಿಯೆನ್ನಾದ ವೈದ್ಯ ಸಿಗ್ಮಂಡ್ ಫ್ರಾಯ್ಡ್ 1900ನೆಯ ಇಸವಿಯನ್ನು ಹೊತ್ತು ಬಂದ ತನ್ನ ಪ್ರಸಿದ್ಧ ಗ್ರಂಥದಲ್ಲಿ, ಎಚ್ಚರದಲ್ಲಿ ಅದುಮಿಟ್ಟ ಬಯಕೆಗಳು ಕನಸಿನಲ್ಲಿ ವೇಷ ಮರೆಸಿಕೊಂಡು ಬರುತ್ತವೆಂದು ವಾದಿಸಿದನು. ಹಾರ್ವರ್ಡಿನ ಅಲನ್ ಹಾಬ್ಸನ್ ಮತ್ತು ರಾಬರ್ಟ್ ಮೆಕಾರ್ಲಿ 1977ರಲ್ಲಿ ಇದಕ್ಕೆ ಎದುರಾದ ವಾದವನ್ನು ಮುಂದಿಟ್ಟರು: ನಿದ್ರೆಯಲ್ಲಿ ಮೆದುಳಿನ ಕಾಂಡದಿಂದ ಏಳುವ ಗೊತ್ತುಗುರಿಯಿಲ್ಲದ ಸಂಕೇತಗಳನ್ನು ಮೆದುಳು ಹೇಗೋ ಹೊಂದಿಸಿ ಕಥೆ ಕಟ್ಟುತ್ತದೆ, ಅದೇ ಕನಸು. ಭಾವಗಳನ್ನು ಎಬ್ಬಿಸುವ ಮೆದುಳಿನ ಭಾಗಗಳು ಆಗ ಚುರುಕಾಗಿರುತ್ತವೆ, ವಿವೇಚಿಸುವ ಮುಂಭಾಗವು ಮಂಕಾಗಿರುತ್ತದೆ. ಆದುದರಿಂದಲೇ ಸತ್ತ ತಾತ ಬಂದು ಊಟಕ್ಕೆ ಕುಳಿತರೂ ಕನಸಿನಲ್ಲಿ ನಮಗೆ ಅಚ್ಚರಿಯಾಗುವುದಿಲ್ಲ. ಕಥೆ ಕಟ್ಟುವುದು ಮೆದುಳೇ ಆದರೂ ಅದಕ್ಕೆ ನೂಲು ದೊರೆಯುವುದು ಕನಸು ಕಾಣುವವನ ಬದುಕಿನಿಂದಲೇ ಎಂಬುದು ನನ್ನ ಅಭಿಪ್ರಾಯ.

ನಮ್ಮ ಸೀಮೆಯಲ್ಲಿಯೇ ಇದಕ್ಕೆ ನಿದರ್ಶನಗಳನ್ನು ಊಹಿಸಬಹುದು. ಹನೂರು ತಾಲ್ಲೂಕಿನ ಕಾಡಂಚಿನ ಊರುಗಳಲ್ಲಿ ಬೆಳೆ ತೆನೆಗಟ್ಟಿದಾಗ ರೈತರು ಅಟ್ಟಣೆಯ ಮೇಲೆ ಕುಳಿತು ಆನೆ ಬಾರದಂತೆ ಕಾಯುತ್ತಾರೆ. ಹಾಗೆ ಕಾದು ದಣಿದವನ ಕನಸಿನಲ್ಲಿ ಆನೆ ನುಗ್ಗಿದರೆ ಅದು ನಿನ್ನೆಯ ಭಯದ ನೆರಳು. ಹಿಪ್ಪುನೇರಳೆ ಸೊಪ್ಪನ್ನು ಕೊಯ್ದು ತಂದು ಹುಳು ಸಾಕುವ ತಾಯಿ, ಹುಳುಗಳು ಹಣ್ಣಾಗಿ ಚಂದ್ರಿಕೆಗೆ ಬಿಡುವ ದಿನಗಳಲ್ಲಿ, ಕನಸಿನಲ್ಲಿಯೂ ಹುಳುಗಳನ್ನೇ ಕಂಡರೆ ಆಶ್ಚರ್ಯವೇನು? ಮಲೆ ಮಹದೇಶ್ವರ ಬೆಟ್ಟಕ್ಕೆ ಕಾಲ್ನಡಿಗೆಯಲ್ಲಿ ಹೊರಟ ಭಕ್ತನ ಕನಸಿನಲ್ಲಿ ಮಾದಪ್ಪ ಕಾಣಿಸಿಕೊಂಡರೆ ಅದು ಆತನ ಭಕ್ತಿಗೆ ಸಾಕ್ಷಿ. ಆನೆಯು ಕಾವಲುಗಾರನಿಗೆ ಭೀತಿ. ಗಣಪತಿಯ ಭಕ್ತನಿಗೆ ಮಂಗಳ. ಹೀಗಿರುವಾಗ ಎಲ್ಲರ ಕನಸಿಗೂ ಒಂದೇ ಅರ್ಥವನ್ನು ಹೇಳುವ ಸ್ವಪ್ನಫಲದ ಪಟ್ಟಿ ಸರಿಯಾಗುವುದಾದರೂ ಹೇಗೆ?

ಹಾಗಾದರೆ ಕೆಲವು ಕನಸುಗಳು ನಿಜವಾದುವಲ್ಲ ಎಂದು ಯಾರಾದರೂ ಕೇಳಬಹುದು. ಒಂದು ಲಕ್ಷ ಜನರಿರುವ ತಾಲ್ಲೂಕನ್ನು ಭಾವಿಸೋಣ. ಒಬ್ಬೊಬ್ಬರಿಗೆ ರಾತ್ರಿಗೆ ನಾಲ್ಕು ಕನಸುಗಳೆಂದರೆ ಒಂದೇ ರಾತ್ರಿಗೆ ನಾಲ್ಕು ಲಕ್ಷ. ವರ್ಷಕ್ಕೆ ಹದಿನಾಲ್ಕು ಕೋಟಿ ಅರವತ್ತು ಲಕ್ಷ. ಇಷ್ಟು ಕನಸುಗಳಲ್ಲಿ ಒಂದೂ ನಡೆದ ಸಂಗತಿಗೆ ಹೊಂದದಿದ್ದರೆ ಅದೇ ಪವಾಡವಾಗುತ್ತಿತ್ತು! ಹೊಂದಿದ ಒಂದು ಕನಸು ಊರೆಲ್ಲ ಹರಡುತ್ತದೆ. ಹೊಂದದ ಕೋಟಿ ಕನಸುಗಳನ್ನು ಕೇಳುವವರಿಲ್ಲ.

ಕನಸು ಕಂಡವನ ಎದೆಯಲ್ಲಿಯೇ ಉಳಿದಿದ್ದರೆ ಇಷ್ಟು ಮಾತು ಬೇಕಿರಲಿಲ್ಲ. ಅದು ಇತರರ ಬದುಕನ್ನು ಆಳತೊಡಗಿದಾಗ ಅಪಾಯ ಒದಗುತ್ತದೆ. ನಿಧಿಯಿದೆಯೆಂದು ಕನಸಾಯಿತೆಂಬ ನೆಪದಲ್ಲಿ ಹಳೆಯ ಗುಡಿಗಳ ನೆಲವನ್ನು ಅಗೆದು ಹಾಳುಮಾಡುವವರಿದ್ದಾರೆ. ನಿಧಿಗಾಗಿ ಅಮಾನವೀಯ ಕೃತ್ಯಗಳನ್ನೂ ವಾಮಾಚಾರವನ್ನೂ ನಡೆಸುವುದನ್ನು ಕರ್ನಾಟಕವು 2017ರಲ್ಲಿ ಮಾಡಿದ ಕಾಯಿದೆ ನಿಷೇಧಿಸಿದೆ. ಅದು 2020ರಿಂದ ಜಾರಿಯಲ್ಲಿದೆ. ಕೆಟ್ಟ ಕನಸಿನ ಕಾರಣದಿಂದ ರೋಗಿಯನ್ನು ಆಸ್ಪತ್ರೆಗೆ ಒಯ್ಯದೆ ಮಂತ್ರವಾದಿಯ ಬಾಗಿಲಿಗೆ ಒಯ್ದರೆ ಕಳೆದ ಹೊತ್ತು ಮರಳಿ ಬಾರದು. ರೇಷ್ಮೆಗೆ ಹೆಸರಾದ ಕೊಳ್ಳೇಗಾಲವನ್ನು ದೂರದ ಊರಿನವರು ಮಾಟಮಂತ್ರದ ಊರೆಂದು ಆಡಿಕೊಳ್ಳುವುದುಂಟು. ಆ ಅಪವಾದವನ್ನು ತೊಡೆಯುವ ಹೊಣೆ ಇಲ್ಲಿನ ಕಿರಿಯರ ಮೇಲಿದೆ. ಹೆಣ್ಣಿನ ಹಿರಿಮೆಯನ್ನು ಎತ್ತಿ ಹೇಳಿದ ಸಂಚಿಯ ಹೊನ್ನಮ್ಮನ ಯಳಂದೂರಿನಲ್ಲಿ, ಯಾರದೋ ಕನಸಿನ ದೆಸೆಯಿಂದ ಹುಡುಗಿಯೊಬ್ಬಳ ಓದು ನಿಲ್ಲುವಂತಾಗಬಾರದು.

ಕನಸಿಗೆ ಕಿವಿಗೊಡಬಾರದೆಂದು ಇದರ ಅರ್ಥವಲ್ಲ. ಜನ್ನ ಕವಿಯು 1209ರಲ್ಲಿ ರಚಿಸಿದ ಯಶೋಧರ ಚರಿತೆಯನ್ನು ನೆನೆಯಿರಿ. ಪತ್ನಿಯ ದ್ರೋಹವನ್ನು ಕಣ್ಣಾರೆ ಕಂಡ ರಾಜನು ಆ ನೋವನ್ನು ತಾಯಿಗೆ ಹೇಳಲಾರದೆ, ಕೆಟ್ಟ ಕನಸು ಕಂಡೆನೆಂದು ನುಡಿಯುತ್ತಾನೆ. ಮಗನ ಮನಸ್ಸಿನ ನಿಜವಾದ ನೋವು ತಾಯಿಗೆ ತಿಳಿಯುವುದಿಲ್ಲ. ದೋಷ ಪರಿಹಾರಕ್ಕೆ ಬಲಿಯನ್ನು ಕೊಡಬೇಕೆನ್ನುತ್ತಾಳೆ. ಕೊನೆಗೆ ಹಿಟ್ಟಿನ ಕೋಳಿಯನ್ನು ಬಲಿಕೊಟ್ಟರೂ ಆ ಸಂಕಲ್ಪದ ಹಿಂಸೆ ಜನ್ಮಜನ್ಮಾಂತರಗಳಲ್ಲಿ ಇಬ್ಬರನ್ನೂ ಕಾಡುತ್ತದೆ. ಕನಸಿಗೆ ಶಾಂತಿ ಮಾಡಿಸುವ ಅವಸರದಲ್ಲಿ ಕನಸನ್ನು ಹೇಳುವವನ ಸಂಕಟ ಮರೆಯಾಯಿತು. ಇಂದಿಗೂ ಮಗುವೊಂದು ದಿನವೂ ಬೆಚ್ಚಿಬಿದ್ದು ಏಳುತ್ತಿದ್ದರೆ ನಾವು ಕೇಳಬೇಕಾದ ಪ್ರಶ್ನೆ ಒಂದೇ: ಮಗೂ, ಹಗಲಿನಲ್ಲಿ ನಿನ್ನನ್ನು ಹೆದರಿಸುತ್ತಿರುವುದು ಏನು? ಅಗತ್ಯವಾದರೆ ಮನೋವೈದ್ಯರ ನೆರವನ್ನು ಪಡೆಯಲು ಸಂಕೋಚವೂ ಬೇಡ.

ಕನಸು ಒಮ್ಮೊಮ್ಮೆ ಹೊಸ ಹೊಳಹನ್ನೂ ಕೊಡಬಲ್ಲದು. ಗಣಿತಜ್ಞ ಶ್ರೀನಿವಾಸ ರಾಮಾನುಜನ್ 1887ರಲ್ಲಿ ಹುಟ್ಟಿದ್ದು ಈರೋಡಿನಲ್ಲಿ. ಅಂದು ಈರೋಡೂ ಕೊಳ್ಳೇಗಾಲವೂ ಒಂದೇ ಕೊಯಮತ್ತೂರು ಜಿಲ್ಲೆಗೆ ಸೇರಿದ್ದವು. ನಾಮಕ್ಕಲ್ಲಿನ ನಾಮಗಿರಿ ದೇವಿಯು ಕನಸಿನಲ್ಲಿ ತನಗೆ ಸೂತ್ರಗಳನ್ನು ತೋರುತ್ತಾಳೆಂದು ಅವರು ಹೇಳುತ್ತಿದ್ದರು. ಆದರೆ ಹಗಲೆಲ್ಲ ಗಣಿತದಲ್ಲಿಯೇ ಮುಳುಗಿದ್ದ ಮನಸ್ಸಿಗೆ ಮಾತ್ರ ರಾತ್ರಿ ಗಣಿತದ ಕನಸು ಬಿದ್ದೀತು. ಆ ಸೂತ್ರಗಳಿಗೂ ಕೇಂಬ್ರಿಜ್ಜಿನ ಹಾರ್ಡಿ ಸಾಧನೆಯನ್ನು ಕೇಳಿದರು. ಕನಸಿನ ಸಾಕ್ಷ್ಯ ಸಾಲದಾಯಿತು. ನರಗಳ ಸಂದೇಶ ರಾಸಾಯನಿಕಗಳ ಮೂಲಕ ಸಾಗುತ್ತದೆಂದು ತೋರಿಸುವ ಪ್ರಯೋಗವು ಆಟ್ಟೊ ಲೋವಿಗೆ ಕನಸಿನಲ್ಲಿ ಹೊಳೆಯಿತಂತೆ. ಆತ ಎದ್ದು ನೇರವಾಗಿ ಪ್ರಯೋಗಶಾಲೆಗೆ ಹೋಗಿ ಕಪ್ಪೆಯ ಹೃದಯದ ಮೇಲೆ ಅದನ್ನು ಪರೀಕ್ಷಿಸಿದನು. 1936ರ ನೊಬೆಲ್ ಪಾರಿತೋಷಕ ದೊರೆತುದು ಎಚ್ಚರದಲ್ಲಿ ಸ್ಥಿರಪಟ್ಟ ಸತ್ಯಕ್ಕೆ.

ಕನಸು ನಮ್ಮ ಮನಸ್ಸೇ ನಮಗೆ ಬರೆಯುವ ಓಲೆ. ಅದರಲ್ಲಿ ನಮ್ಮ ಭಯವಿದೆ, ಬಯಕೆಯಿದೆ, ನಿನ್ನೆಯ ದುಡಿಮೆಯ ದಣಿವಿದೆ. ನಾಳೆಯ ಸುದ್ದಿ ಮಾತ್ರ ಇಲ್ಲ. ಓಲೆಯನ್ನು ಓದೋಣ, ಅದು ನಮ್ಮ ಬಗ್ಗೆ ಏನು ಹೇಳುತ್ತಿದೆಯೆಂದು ಯೋಚಿಸೋಣ. ಆದರೆ ಮದುವೆ, ಚಿಕಿತ್ಸೆ, ವಿದ್ಯೆ, ಹೊಲಮನೆಗಳ ವಿಷಯದಲ್ಲಿ ತೀರ್ಮಾನವನ್ನು ಮುಖ ತೊಳೆದು, ನಾಲ್ಕು ಜನರೊಡನೆ ಮಾತನಾಡಿ, ಹಗಲಿನ ಬೆಳಕಿನಲ್ಲಿ ಕೈಗೊಳ್ಳೋಣ.