ದೆವ್ವದ ಕಥೆಯಲ್ಲಿ ನೊಂದವರು ಯಾರು?



ಜನರು ಅಂಜಿ ಕೈಮುಗಿಯುವ ಭೂತ ಬೆಂತರಗಳನ್ನು ಬಸವಣ್ಣನವರು ಒಂದು ವಚನದಲ್ಲಿ ಹೆಸರಿಟ್ಟು ಎಣಿಸಿ ಅಲ್ಲಗಳೆದಿದ್ದಾರೆ. ಎಂಟು ಶತಮಾನಗಳು ಕಳೆದರೂ ಆ ಅಂಜಿಕೆ ನಮ್ಮನ್ನು ಬಿಟ್ಟಿಲ್ಲ. ದೆವ್ವದ ಮಾತು ಬಂದಾಗ ನಮ್ಮಲ್ಲಿ ಕೆಲವರು ನಂಬಿ ನಡುಗುತ್ತಾರೆ, ಕೆಲವರು ನಕ್ಕು ಸುಮ್ಮನಾಗುತ್ತಾರೆ. ಇಬ್ಬರೂ ವಿಚಾರ ಮಾಡುವುದಿಲ್ಲ. ಆ ಕಥೆ ಎಲ್ಲಿ ಹುಟ್ಟಿತು, ಯಾರ ನೋವಿನಿಂದ ಹುಟ್ಟಿತು ಎಂದು ಕೇಳುವವರೇ ವಿರಳ.

ತುಳುನಾಡಿನ ಕಲ್ಕುಡ ಕಲ್ಲುರ್ಟಿಯರ ಪಾಡ್ದನವನ್ನೇ ನೋಡಿರಿ. ಕಾರ್ಕಳದ ಗೊಮ್ಮಟ ವಿಗ್ರಹ 1432ರಲ್ಲಿ ಪ್ರತಿಷ್ಠೆಯಾಯಿತು. ಅದನ್ನು ಕಡೆದ ಶಿಲ್ಪಿ ಬೇರೆಡೆ ಅಂಥದನ್ನು ಮತ್ತೆ ಕಡೆಯಬಾರದೆಂದು ಅರಸನು ಅವನ ಕೈಕಾಲು ಕಡಿಸಿದನೆಂದು ಪಾಡ್ದನ ಹೇಳುತ್ತದೆ. ಅಣ್ಣ ತಂಗಿಯರು ಮಾಯವಾಗಿ, ದೈವಗಳಾಗಿ ಅರಸನನ್ನು ಕಾಡಿದರಂತೆ. ಇದು ನಡೆದ ಸಂಗತಿಯೆಂಬುದಕ್ಕೆ ಶಾಸನದ ಸಾಕ್ಷಿ ಬೇಕು. ಆದರೆ ದುಡಿದ ಕೈಯನ್ನು ಕಡಿದ ಪ್ರಭುತ್ವದ ಮೇಲಿನ ಸಿಟ್ಟನ್ನು ಜನರು ಹಾಡಿನಲ್ಲಿ ಕಾಪಿಟ್ಟುಕೊಂಡರೆಂಬುದಕ್ಕೆ ಹಾಡೇ ಸಾಕ್ಷಿ. ಬರ್ನೆಲ್ ಎಂಬ ಆಂಗ್ಲ ಅಧಿಕಾರಿ ಸಂಗ್ರಹಿಸಿದ ಇಂಥ ಪಾಡ್ದನಗಳು 1894ರಿಂದ ಅಚ್ಚಾದಾಗ ಅವುಗಳಿಗೆ ದೊರೆತ ಹೆಸರು ತುಳುವರ ‘ಪಿಶಾಚಾರಾಧನೆ’! ನೊಂದವರ ನೆನಪಿಗೆ ಪಿಶಾಚಿಯೆಂಬ ಹಣೆಪಟ್ಟಿ. ಓದುಬರಹ ಬಲ್ಲವರೂ ಎಡವಬಲ್ಲರೆಂಬುದಕ್ಕೆ ಬೇರೆ ನಿದರ್ಶನ ಬೇಕೆ?

ಪಾಡ್ದನ ಅನ್ಯಾಯವನ್ನು ನೆನಪಿನಲ್ಲಿಟ್ಟರೆ, ಬಾನಾಮತಿಯ ಮಾತು ಅನ್ಯಾಯವನ್ನು ಮುಚ್ಚಿಡುತ್ತದೆ. ಬೀದರ, ಕಲಬುರಗಿ ಸೀಮೆಯಲ್ಲಿಯೂ ನೆರೆಯ ತೆಲಂಗಾಣದ ಮೇದಕ್ ಭಾಗದಲ್ಲಿಯೂ ಈ ಭೀತಿ ಬಹುಕಾಲದಿಂದ ಬೇರೂರಿದೆ. ಹೆಣ್ಣುಮಗಳೊಬ್ಬಳು ನಾಯಿಯಂತೆ ಬೊಗಳಿದರೆ, ಮನೆಯ ಮೇಲೆ ಕಲ್ಲು ಬಿದ್ದರೆ, ಬಟ್ಟೆಗೆ ಬೆಂಕಿ ಹತ್ತಿದರೆ ‘ಯಾರು ಮಾಡಿಸಿದರು?’ ಎಂಬ ಪ್ರಶ್ನೆ ಮೊದಲು ಏಳುತ್ತದೆ. ಬೊಗಳಿದವಳ ಮನದೊಳಗಿನ ಬೇಗೆ ಏನೆಂದು ಯಾರೂ ಕೇಳುವುದಿಲ್ಲ. ಬೆರಳು ತಿರುಗುವುದು ಊರ ಗೌಡರ ಕಡೆಗಲ್ಲ, ಎದುರು ಮಾತನಾಡಲು ಬಲವಿಲ್ಲದವರ ಕಡೆಗೆ. ಮಂತ್ರ ಉಚ್ಚರಿಸದಿರಲೆಂದು ಆಪಾದಿತರ ಹಲ್ಲು ಕಿತ್ತ ಕ್ರೌರ್ಯವೂ ತೆಲಂಗಾಣ ಭಾಗದಲ್ಲಿ ನಡೆದಿದೆ. ಇಲ್ಲಿ ಪಿಶಾಚಿ ಯಾರು? ಹಲ್ಲು ಕಳೆದುಕೊಂಡವರೋ, ಕಿತ್ತವರೋ?

‘ಹಿರಿಯರು ನಂಬಿದ್ದನ್ನು ಕೆದಕುವುದೇಕೆ?’ ಎನ್ನುವವರಿದ್ದಾರೆ. ಹಿರಿಯರ ಮೇಲೆ ಗೌರವವಿರುವವರೇ ಕೆದಕಬೇಕು. ಅವರ ಕಥೆಗಳಲ್ಲಿ ಬರ, ಬೇನೆ, ಬಾಣಂತಿಯರ ಸಾವು, ಒಡೆಯರ ದಬ್ಬಾಳಿಕೆಗಳ ಚರಿತ್ರೆ ಅಡಗಿದೆ. ಅದನ್ನು ತಾಯಿತ ಮಾರುವವರ ಕೈಗೆ ಒಪ್ಪಿಸುವುದು ಗೌರವವಲ್ಲ, ದ್ರೋಹ.

ಮೌಢ್ಯ ನಿಷೇಧ ಕಾಯ್ದೆಯೆಂದು ಹೆಸರಾದ ನಮ್ಮ ನಾಡಿನ 2017ರ ಕಾನೂನು 2020ರಲ್ಲಿ ಜಾರಿಗೆ ಬಂದಿತು. ದೆವ್ವ ಬಿಡಿಸುವ ನೆಪದಲ್ಲಿ ಹೊಡೆದು ಹಿಂಸಿಸುವುದು ಈಗ ಅಪರಾಧ. ಕಾನೂನು ಹೊಡೆವ ಕೈಯನ್ನು ತಡೆದೀತು, ಅಂಜುವ ಮನವನ್ನು ತಿದ್ದಲಾರದು. ಆ ಕೆಲಸ ವಿಚಾರದ್ದು, ಅಂದರೆ ನಮ್ಮದು.

ಆದುದರಿಂದ ನಿಮ್ಮೂರಿನಲ್ಲಿ ದೆವ್ವದ ಸುದ್ದಿ ಹಬ್ಬಿದಾಗ ಮೂರು ಪ್ರಶ್ನೆಗಳನ್ನು ಕೇಳಿರಿ. ದೆವ್ವವಾದರೆನ್ನಲಾದವರು ಬದುಕಿದ್ದಾಗ ಅವರಿಗೆ ಆದ ಅನ್ಯಾಯವೇನು? ಈ ಸುದ್ದಿಯಿಂದ ಯಾರಿಗೆ ಲಾಭ? ಕಾಯಿಲೆಯವರನ್ನು ವೈದ್ಯರ ಬಳಿಗೆ ಕರೆದೊಯ್ದಿರಾ? ಇವುಗಳಿಗೆ ಉತ್ತರ ದೊರೆಯುವ ತನಕ ಯಾವ ಹೆಣ್ಣುಮಗಳ ಹೆಸರನ್ನೂ ಮಾಟದೊಡನೆ ಸೇರಿಸಿ ನುಡಿಯಬೇಡಿರಿ. ನಾಲಗೆಯ ಮೇಲಿನ ಆ ಸಂಯಮವೂ ಲಿಂಗಪೂಜೆಯೇ.