ಇಲಾಖಾ ವಿಚಾರಣೆಗೂ ಗಡುವು ಬೇಕು

ಖಾತೆ ಬದಲಾವಣೆಗೆ ಲಂಚ ಕೇಳಿದ ಅಥವಾ ಬೆಳೆ ಪರಿಹಾರದ ಪಟ್ಟಿಯಲ್ಲಿ ಸುಳ್ಳು ಹೆಸರು ಸೇರಿಸಿದ ನೌಕರ ಅಮಾನತ್ತಾದನೆಂದು ಕೇಳಿದರೆ ಹಳ್ಳಿಯಲ್ಲಿ ಸಮಾಧಾನ ಮೂಡುತ್ತದೆ. ಆದರೆ ಅಮಾನತ್ತು ಶಿಕ್ಷೆಯಲ್ಲ. ವಿಚಾರಣೆ ಮುಗಿಯುವತನಕ ನೌಕರನನ್ನು ಕೆಲಸದಿಂದ ದೂರವಿಡುವ ಕ್ರಮವಷ್ಟೇ ಅದು. ತಪ್ಪು ಯಾರದೆಂದು ತೀರ್ಮಾನವಾಗಬೇಕಾದ್ದು ಇಲಾಖಾ ವಿಚಾರಣೆಯಲ್ಲಿ. ಅದೇ ವರ್ಷಗಟ್ಟಲೆ ಕುಂಟುತ್ತಿರುತ್ತದೆ.

ನಮ್ಮ ರಾಜ್ಯದಲ್ಲಿ ಈ ವಿಚಾರಣೆಗಳು 1957ರ ಸಿವಿಲ್ ಸೇವಾ ನಿಯಮಗಳಂತೆ ನಡೆಯುತ್ತವೆ. ದೋಷಾರೋಪಣೆಯನ್ನು ಬರಹದಲ್ಲಿ ಕೊಡಬೇಕು, ನೌಕರನ ಉತ್ತರ ಪಡೆಯಬೇಕು, ಸಾಕ್ಷಿಗಳನ್ನು ಕೇಳಬೇಕು. ಸಂವಿಧಾನದ 311ನೇ ವಿಧಿಯೂ ನೌಕರನಿಗೆ ಈ ರಕ್ಷಣೆ ಕೊಟ್ಟಿದೆ. ಇದು ನ್ಯಾಯವೇ. ವಿಳಂಬಕ್ಕೆ ಕಾರಣ ನಿಯಮವಲ್ಲ, ನಡೆಸುವ ರೀತಿ. ವಿಚಾರಣಾಧಿಕಾರಿಗೆ ಬೇರೆ ಕೆಲಸದ ಹೊರೆ. ಅವರಿಗೆ ವರ್ಗವಾದರೆ ಕಡತ ಅಲ್ಲಿಯೇ ನಿಲ್ಲುತ್ತದೆ. ಮೂಲ ದಾಖಲೆ ಸಿಕ್ಕುವುದಿಲ್ಲ, ಸಾಕ್ಷಿಗಳು ಬರುವುದಿಲ್ಲ, ದಿನಾಂಕ ಮುಂದೆ ಹೋಗುತ್ತದೆ.

ಇದರಿಂದ ಲಾಭ ತಪ್ಪಿತಸ್ಥನಿಗೆ. ಅಮಾನತ್ತಿನಲ್ಲಿದ್ದಾಗಲೂ ಬೊಕ್ಕಸದಿಂದ ಜೀವನಾಧಾರ ಭತ್ಯೆ ಸಲ್ಲುತ್ತದೆ. ಸೇವೆಯಲ್ಲಿದ್ದಾಗ ವಿಚಾರಣೆ ಆರಂಭಿಸದೆ ಆತ ನಿವೃತ್ತನಾದರೆ, ನಾಲ್ಕು ವರ್ಷಕ್ಕಿಂತ ಹಳೆಯ ಪ್ರಕರಣವನ್ನು ಮತ್ತೆ ಇಲಾಖಾ ವಿಚಾರಣೆಗೆ ತರುವಂತಿಲ್ಲ. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿ ಫಲವೇನು? ನಷ್ಟವಾಗುವುದು ನಿರಪರಾಧಿಗೆ. ದ್ವೇಷದ ದೂರಿಗೆ ಸಿಕ್ಕಿದ ಪ್ರಾಮಾಣಿಕ ನೌಕರ ಬಡ್ತಿಯಿಲ್ಲದೆ, ಕಳಂಕ ಹೊತ್ತು ವರ್ಷಗಳನ್ನು ಕಳೆಯಬೇಕಾಗುತ್ತದೆ.

ಮೂರು ತಿಂಗಳೊಳಗೆ ದೋಷಾರೋಪಣೆ ಪಟ್ಟಿ ಕೊಡದಿದ್ದರೆ ಅಮಾನತ್ತನ್ನು ಮುಂದುವರಿಸಬಾರದೆಂದು ಸುಪ್ರೀಂ ಕೋರ್ಟು 2015ರಲ್ಲಿ ಹೇಳಿತು. ವಿಚಾರಣೆಯನ್ನು ಆರು ತಿಂಗಳಲ್ಲಿ, ಅನಿವಾರ್ಯವಾದರೆ ಒಂದು ವರ್ಷದಲ್ಲಿ ಮುಗಿಸಬೇಕೆಂದೂ ಅದೇ ವರ್ಷ ಇನ್ನೊಂದು ತೀರ್ಪು ಬಂತು. ಗಡುವು ಹೊಸ ಮಾತೇನಲ್ಲ. 2011ರ ಸಕಾಲ ಕಾಯ್ದೆಯಂತೆ ರೈತನ ಅರ್ಜಿ ತಡವಾದರೆ ಹೊಣೆಯಾದ ಅಧಿಕಾರಿ ದಿನಕ್ಕೆ 20 ರೂಪಾಯಿಯಂತೆ 500 ರೂಪಾಯಿವರೆಗೆ ಪರಿಹಾರ ತೆರಬೇಕು. ಅರ್ಜಿಗಿರುವ ಈ ಕಟ್ಟುನಿಟ್ಟು ವಿಚಾರಣೆಗೂ ಬೇಕಲ್ಲವೆ? ಕಾರಣವಿಲ್ಲದೆ ತಡಮಾಡಿದ ವಿಚಾರಣಾಧಿಕಾರಿಯಿಂದ ಸರ್ಕಾರ ಲಿಖಿತ ವಿವರಣೆ ಪಡೆಯಲಿ. ಎಷ್ಟು ವಿಚಾರಣೆಗಳು ಬಾಕಿ ಇವೆಯೆಂಬ ಪಟ್ಟಿಯನ್ನು ಪ್ರತಿ ಇಲಾಖೆಯೂ ವರ್ಷಕ್ಕೊಮ್ಮೆ ಪ್ರಕಟಿಸಲಿ.

ರೈತರ ಪಾಲಿನ ಕರ್ತವ್ಯವೂ ಉಂಟು. ದೂರನ್ನು ದಿನಾಂಕ, ಸರ್ವೆ ನಂಬರು ಸಹಿತ ಬರೆದು ಕೊಡಿ, ಸ್ವೀಕೃತಿ ಪಡೆಯಿರಿ. ಲೋಕಾಯುಕ್ತಕ್ಕೆ ಹೋಗುವುದಾದರೆ ನಿಗದಿತ ನಮೂನೆಯ ಜೊತೆ ಪ್ರಮಾಣಪತ್ರ ಬೇಕು. ಐದು ವರ್ಷ ಮೀರಿದ ಆರೋಪವನ್ನು ಸಾಮಾನ್ಯವಾಗಿ ಅಲ್ಲಿ ತೆಗೆದುಕೊಳ್ಳುವುದಿಲ್ಲ. ಎಲ್ಲಕ್ಕಿಂತ ಮುಖ್ಯವಾಗಿ, ಸಾಕ್ಷಿ ಹೇಳಲು ಕರೆ ಬಂದಾಗ ದಾಕ್ಷಿಣ್ಯಕ್ಕೆ ಬಿದ್ದು ಹಿಂಜರಿಯಬೇಡಿ. ಚಾವಡಿಯಲ್ಲಿ ಆಡಿದ ಮಾತನ್ನು ವಿಚಾರಣೆಯಲ್ಲಿ ಆಡದಿದ್ದರೆ ತಪ್ಪಿತಸ್ಥ ಅದೇ ಕುರ್ಚಿಗೆ ಮರಳಿ ಬರುತ್ತಾನೆ.